ಉತ್ತರನೂ ಪೌಂಡ್ರಕನೂ

ಕಳೆದ ಚಳಿಗಾಲದಲ್ಲಿ ನಾಲ್ಕು ದಿನಗಳ ಮಟ್ಟಿಗೆ ಊರಿಗೆ, ಎಂದರೆ ಕುಂದಾಪುರದ ದಕ್ಷಿಣಕ್ಕೆ ಕಡಲ ಮಗ್ಗುಲಲ್ಲಿರುವ ಬೀಜಾಡಿಗೆ, ಹೋಗಿದ್ದೆ. ಕೊಯ್ಲು ಮುಗಿದ ಗದ್ದೆಯಲ್ಲಿ ಹರಕೆಯ ಬಯಲಾಟವಿತ್ತು, ವಿರಾಟಪರ್ವದ ಕಥೆ. ಉತ್ತರಕುಮಾರನ ವೇಷ ಕಟ್ಟಿದವನು ಒಳ್ಳೆಯ ಮಾತುಗಾರ. ಅಂತಃಪುರದ ಹೆಂಗಸರೆದುರು ನಿಂತು, ಭೀಷ್ಮನೆಂದರೆ ಹಲ್ಲುದುರಿದ ಮುದುಕ, ದ್ರೋಣನೆಂದರೆ ದಕ್ಷಿಣೆಗೆ ಕೈಯೊಡ್ಡುವ ಹಾರುವ, ಕರ್ಣನ ಹೆಸರನ್ನು ತನ್ನ ಮುಂದೆ ಎತ್ತಲೇಬಾರದು ಎಂದು ಅವನು ಹೇಳುತ್ತ ಹೋದಂತೆ ಗದ್ದೆಯ ತುಂಬ ನಗೆ. ನನ್ನ ಪಕ್ಕದಲ್ಲಿ ಕುಳಿತಿದ್ದ ಬಾಲ್ಯದ ಗೆಳೆಯರೊಬ್ಬರು, ಅವರೂ ಮೇಷ್ಟರೇ, ನಗುತ್ತ ನಗುತ್ತ "ಇವ್ನಿಗೆ ಮಂಡೆ ಸಮ ಇಲ್ಲ ಮಾರ್ರೆ" ಎಂದರು. ನಾನೂ ನಕ್ಕೆ. ಆಟ ಮುಗಿದು ಗದ್ದೆಯಂಚಿನ ಮೇಲೆ ಟಾರ್ಚು ಹಿಡಿದು ಮನೆಗೆ ನಡೆಯುವಾಗ ಮಾತ್ರ ಆ ಮಾತು ಮುಳ್ಳಿನಂತೆ ಚುಚ್ಚತೊಡಗಿತು. ಉತ್ತರನ ಮಂಡೆ ಸಮ ಇಲ್ಲವೆ? ಯೋಚಿಸಿ ನೋಡಿದರೆ, ಆ ಕಥೆಯಲ್ಲಿ ಅವನಷ್ಟು ಸಮವಾದ ಮಂಡೆಯವನು ಇನ್ನೊಬ್ಬನಿಲ್ಲ.

ಇದಕ್ಕೆ ರಥವೇ ಸಾಕ್ಷಿ. ಕೌರವರ ಸೇನೆ ಕಣ್ಣಿಗೆ ಬಿದ್ದ ಕ್ಷಣ ಉತ್ತರನ ಮೈ ನಡುಗುತ್ತದೆ. ರಥದಿಂದ ಧುಮುಕಿ ಓಡುತ್ತಾನೆ. ಬೃಹನ್ನಳೆ ಅಟ್ಟಿಸಿಕೊಂಡು ಹೋಗಿ ಹಿಡಿದು ತರಬೇಕಾಗುತ್ತದೆ. ತಾನಾಡಿದ ಮಾತು ಬೇರೆ, ಎದುರಿಗಿರುವ ಲೋಕ ಬೇರೆ ಎಂಬುದು ಅವನಿಗೆ ಚೆನ್ನಾಗಿ ಗೊತ್ತು. ಗೆದ್ದು ಬಂದ ಮೇಲೆ ತಂದೆಯ ಮುಂದೆ, ಗೆದ್ದವನು ನಾನಲ್ಲ, ಯಾವನೋ ಒಬ್ಬ ದೇವಪುತ್ರ ಎಂದು ಸತ್ಯವನ್ನೇ ಹೇಳುತ್ತಾನೆ. ನಡುವೆ ನಿಜವಾಗಿ ಭ್ರಮಿಸಿದವನು ಮುದುಕ ವಿರಾಟ: ಮಗನೇ ಗೆದ್ದನೆಂದು ಹಿಗ್ಗಿ, ಬೃಹನ್ನಳೆಯನ್ನು ಹೊಗಳಿದ ಕಂಕಭಟ್ಟನ ಮುಖಕ್ಕೆ ಪಗಡೆಯ ದಾಳವನ್ನೆಸೆಯುತ್ತಾನೆ. ಅದೂ ಪುತ್ರವ್ಯಾಮೋಹ, ರೋಗವಲ್ಲ. 'ಉತ್ತರನ ಪೌರುಷ ಒಲೆಯ ಮುಂದೆ' ಎಂಬ ಗಾದೆ ಕಟ್ಟಿದವರು ಇದನ್ನು ಸರಿಯಾಗಿ ಗುರುತಿಸಿದ್ದರು. ಒಲೆಯ ಮುಂದೆ ಇರುವ ಪೌರುಷ ಯುದ್ಧದ ಮುಂದೆ ಇರುವುದಿಲ್ಲ. ಬಡಾಯಿಯ ಲಕ್ಷಣವೇ ಅದು.

ಹಾಗಾದರೆ ರಥದಿಂದ ಇಳಿಯದವನು ಯಾರು? ನಮ್ಮ ಪುರಾಣಗಳಲ್ಲಿ ಅವನ ಹೆಸರು ಪೌಂಡ್ರಕ. ಮಹಾಭಾರತದ ಸಭಾಪರ್ವದಲ್ಲಿ ಕೃಷ್ಣನೇ ಧರ್ಮರಾಯನ ಮುಂದೆ, ಮೋಹದಿಂದ ನನ್ನ ಚಿಹ್ನೆಗಳನ್ನು ಧರಿಸಿಕೊಂಡಿರುವ ಅರಸನೊಬ್ಬನಿದ್ದಾನೆ, ಜರಾಸಂಧನ ಕಡೆಯವನು, ಎಂದು ಅವನ ಪ್ರಸ್ತಾಪವೆತ್ತುತ್ತಾನೆ. ಕಥೆ ವಿಸ್ತಾರವಾಗಿ ಬರುವುದು ಭಾಗವತದ ದಶಮಸ್ಕಂಧದ 66ನೆಯ ಅಧ್ಯಾಯದಲ್ಲಿ. ಕರೂಷದ ಅರಸ ಪೌಂಡ್ರಕ, ನಿಜವಾದ ವಾಸುದೇವ ನಾನೊಬ್ಬನೇ, ನೀನು ಆ ಹೆಸರನ್ನೂ ನನ್ನ ಚಿಹ್ನೆಗಳನ್ನೂ ಬಿಟ್ಟು ನನಗೆ ಶರಣಾಗು ಎಂದು ದ್ವಾರಕೆಗೆ ದೂತನನ್ನು ಕಳಿಸುತ್ತಾನೆ. ಉಗ್ರಸೇನನೇ ಮೊದಲಾಗಿ ಸಭೆಯೆಲ್ಲ ಗಟ್ಟಿಯಾಗಿ ನಗುತ್ತದೆ. ಕೃಷ್ಣ ಕಾಶಿಗೆ ದಂಡೆತ್ತಿ ಬಂದಾಗ ಪೌಂಡ್ರಕ ಎರಡು ಅಕ್ಷೋಹಿಣಿ ಸೇನೆಯೊಡನೆ ಎದುರಾಗುತ್ತಾನೆ: ಕೃತಕವಾದ ಶಂಖಚಕ್ರಗಳು, ಎದೆಯ ಮೇಲೆ ಶ್ರೀವತ್ಸ, ಕೌಸ್ತುಭ, ವನಮಾಲೆ, ಪೀತಾಂಬರ, ಗರುಡಧ್ವಜ. ಅವನ ಕಣ್ಣೆದುರಿಗೆ ಈಗ ನಿಜವಾದ ವಾಸುದೇವನೇ ನಿಂತಿದ್ದಾನೆ. ಉತ್ತರನಾಗಿದ್ದರೆ ಧುಮುಕಿಬಿಡುತ್ತಿದ್ದ. ಪೌಂಡ್ರಕ ಧುಮುಕುವುದಿಲ್ಲ. ಬಡಾಯಿಗೂ ಭ್ರಮೆಗೂ ಇರುವ ಅಂತರವನ್ನು ಇದಕ್ಕಿಂತ ಸ್ಪಷ್ಟವಾಗಿ ತೋರಿಸಿದ ಸನ್ನಿವೇಶ ನಮ್ಮ ಕಥಾಸಂಪತ್ತಿನಲ್ಲಿ ನನಗೆ ತಿಳಿದಂತೆ ಬೇರೊಂದಿಲ್ಲ. ಆದರೂ ನಾವು ಇಬ್ಬರನ್ನೂ ಒಂದೇ ನಗೆಯಲ್ಲಿ ಮುಗಿಸುತ್ತ ಬಂದಿದ್ದೇವೆ.

ಭಾಗವತಕಾರನ ಕಣ್ಣು ಸೂಕ್ಷ್ಮವಾದದ್ದು. ಪೌಂಡ್ರಕ ತಾನಾಗಿ ವಾಸುದೇವನಾದನೆಂದು ಅವನು ಹೇಳುವುದಿಲ್ಲ. ಬುದ್ಧಿ ಬೆಳೆಯದ ಜನರು ಸುತ್ತ ನೆರೆದು, ನೀನೇ ಜಗತ್ಪತಿ, ನೀನೇ ಅವತರಿಸಿದವನು ಎಂದು ಉಬ್ಬಿಸಿದರು, ಅವನು ಹೌದೆಂದುಕೊಂಡ. ಇಲ್ಲೊಂದು ಉಪಮೆಯಿದೆ. ಆಟವಾಡುವ ಹುಡುಗರು ತಮ್ಮಲ್ಲೊಬ್ಬನನ್ನು ರಾಜನನ್ನಾಗಿ ಮಾಡಿದರೆ ಆ ಹುಡುಗ ಹೇಗೋ ಹಾಗೆ ಎಂದು. ಈ ಉಪಮೆಯನ್ನು ನಾವು ಓದಿ ದಾಟಿಬಿಡುತ್ತೇವೆ. ಕಿರೀಟ ತೊಡಿಸಿದ ಕೈಗಳು ಯಾರವು ಎಂಬ ಪ್ರಶ್ನೆ ಅಲ್ಲಿದೆ. ಆ ಪ್ರಶ್ನೆಗೆ ಮುಂದೆ ಬರುತ್ತೇನೆ. ಅದರಲ್ಲಿ ನನ್ನ ಕೈಯೂ ಇದೆ.

ಇದೇ ಅಧ್ಯಾಯದ ಇನ್ನೊಂದು ಉಪಮೆಯ ಬಗ್ಗೆ ನನ್ನ ತಕರಾರಿದೆ. ತನ್ನಂತೆಯೇ ವೇಷ ತೊಟ್ಟು ನಿಂತ ಪೌಂಡ್ರಕನನ್ನು ಕಂಡು, ರಂಗಕ್ಕೆ ಬಂದ ನಟನನ್ನು ಕಂಡಂತೆ ಕೃಷ್ಣ ನಕ್ಕನಂತೆ. ಹೊರಗಿನಿಂದ ನೋಡಿದರೆ ಹೋಲಿಕೆ ಸೊಗಸಾಗಿದೆ. ಆದರೆ ಬಯಲಾಟದ ನಾಡಿನಲ್ಲಿ ಹುಟ್ಟಿದವನಿಗೆ ಇದು ಒಪ್ಪಿಗೆಯಾಗುವುದು ಕಷ್ಟ. ನಮ್ಮ ವೇಷಧಾರಿ ಚೌಕಿಯಲ್ಲಿ ಕನ್ನಡಿ ಹಿಡಿದು ತಾನೇ ಬಣ್ಣ ಹಚ್ಚುತ್ತಾನೆ. ಆಟ ಮುಗಿದ ಮೇಲೆ ತೆಂಗಿನೆಣ್ಣೆ ಸವರಿ ತಾನೇ ತೆಗೆಯುತ್ತಾನೆ. ರಾವಣ ಬೀಡಿ ಹಚ್ಚಿಕೊಂಡು ಬಸ್ಸು ಕಾಯುತ್ತಾನೆ. ನಾಗದರ್ಶನದ ಪಾತ್ರಿಯ ಮಾತನ್ನೇ ತೆಗೆದುಕೊಳ್ಳಿ. ದರ್ಶನದ ಹೊತ್ತಿನಲ್ಲಿ ಅವರು ದೈವವಾಗಿ ನುಡಿಯುತ್ತಾರೆ; ಊರಿಗೆ ಊರೇ ಕೈಮುಗಿಯುತ್ತದೆ; ಯಾರೂ ಅದನ್ನು ಕಾಯಿಲೆಯೆನ್ನುವುದಿಲ್ಲ, ವೈದ್ಯಶಾಸ್ತ್ರವೂ ಎನ್ನುವುದಿಲ್ಲ. ಅದಕ್ಕೊಂದು ಹೊತ್ತು, ಒಂದು ಜಾಗ, ಒಪ್ಪುವ ಒಂದು ಸಮುದಾಯ ಇದೆ. ದರ್ಶನ ಇಳಿದ ಮೇಲೆ ಪಾತ್ರಿ ಮನೆಗೆ ಹೋಗಿ ಗಂಜಿ ಉಣ್ಣುತ್ತಾರೆ. ಪೌಂಡ್ರಕನ ಬಣ್ಣ ಎಣ್ಣೆಗೆ ಬಿಡುವಂಥದಲ್ಲ. ಅವನು ನಟನಾಗಿ ಕಂಡದ್ದು ಕೃಷ್ಣನ ಕಣ್ಣಿಗೆ. ಅವನ ಕಣ್ಣಿಗೆ ನಟನಾಗಿ ಕಂಡವನು ಕೃಷ್ಣನೇ.

ನಮ್ಮ ಅಲಂಕಾರಶಾಸ್ತ್ರ ಈ ಗೊಂದಲಕ್ಕೆ ಎಡೆ ಕೊಟ್ಟಿರಲಿಲ್ಲ. ಭರತ ಎಣಿಸಿದ 33 ವ್ಯಭಿಚಾರಿಭಾವಗಳಲ್ಲಿ ಗರ್ವ ಒಂದು, ಉನ್ಮಾದ ಇನ್ನೊಂದು. ಇವೆರಡೂ ಬೇರೆ ಬೇರೆ. ಚರಕಸಂಹಿತೆಯ ನಿದಾನಸ್ಥಾನವಂತೂ ಉನ್ಮಾದವನ್ನು ಮನಸ್ಸು, ಬುದ್ಧಿ, ಸ್ಮೃತಿ, ಶೀಲ, ಆಚಾರ ಮುಂತಾದವುಗಳ ವಿಭ್ರಮವೆಂದು ವಿವರಿಸಿ ಐದು ಬಗೆಯಾಗಿ ವಿಂಗಡಿಸುತ್ತದೆ. ಎರಡು ಸಾವಿರ ವರ್ಷಗಳ ಹಿಂದಿನವರು ಬೇರೆ ಬೇರೆ ಇಟ್ಟದ್ದನ್ನು ನಾವು 'ಸೊಕ್ಕು' ಎಂಬ ಒಂದೇ ಚೀಲಕ್ಕೆ ತುಂಬಿದೆವು. ಸೊಕ್ಕಿದವನನ್ನು ಇಳಿಸಬೇಕು, ಇಳಿಸಿದಾಗ ನಗಬೇಕು. ಕಾಯಿಲೆಯವನನ್ನು ಇಳಿಸುವುದು ಹೇಗೆ?

ಮನೋವೈದ್ಯರು ಹೇಳುವುದನ್ನು ನಾನು ಅರ್ಥ ಮಾಡಿಕೊಂಡಷ್ಟು ಇಲ್ಲಿ ಬರೆಯುತ್ತೇನೆ. ತಾನು ಅರಸ, ಅವತಾರ, ಲೋಕವನ್ನುದ್ಧರಿಸಲು ಬಂದವನು, ಅಪಾರ ಸಂಪತ್ತಿನ ಒಡೆಯ, ಯಾರೂ ಕಾಣದ ಸತ್ಯ ಕಂಡವನು ಎಂಬ ಅಚಲವಾದ ನಂಬಿಕೆಗೆ ಹಿರಿಮೆಯ ಭ್ರಮೆ ಎನ್ನಬಹುದು. ಅದು ಸ್ವತಃ ಒಂದೇ ರೋಗವಲ್ಲ. ಜ್ವರದಂತೆ ಹಲವು ರೋಗಗಳಲ್ಲಿ ಕಾಣಿಸಿಕೊಳ್ಳುವ ಲಕ್ಷಣ. ಉನ್ಮಾದ ಮತ್ತು ಖಿನ್ನತೆ ಸರದಿಯ ಮೇಲೆ ಬರುವ ಕಾಯಿಲೆಯಲ್ಲಿ, ಉನ್ಮಾದದ ಕಾಲಕ್ಕೆ, ಇದು ಹೆಚ್ಚು: ನಿದ್ದೆ ಬೇಡ, ಮಾತಿಗೆ ತಡೆಯಿಲ್ಲ, ಕೈಯಲ್ಲಿ ಹಣ ನಿಲ್ಲದು, ಎಲ್ಲವೂ ತನ್ನಿಂದ ಸಾಧ್ಯ. ಅದೇ ಮನುಷ್ಯ ಕೆಲವು ತಿಂಗಳ ಮೇಲೆ ಹಾಸಿಗೆಯಿಂದ ಏಳಲಾರದೆ ಬಿದ್ದಿರಬಹುದು. ಸ್ಕಿಜೋಫ್ರೀನಿಯಾದಲ್ಲಿ ಭ್ರಮೆಯ ಜೊತೆಗೆ ಇಲ್ಲದ ದನಿಗಳು ಕೇಳಿಸುತ್ತವೆ, ಯೋಚನೆಯ ಎಳೆ ಕಡಿಯುತ್ತದೆ. ಇನ್ನು ಕೆಲವರಲ್ಲಿ ಭ್ರಮೆಯೊಂದನ್ನು ಬಿಟ್ಟರೆ ಬೇರೆಲ್ಲ ನೆಟ್ಟಗಿರುತ್ತದೆ. ಲೆಕ್ಕ ಸರಿಯಾಗಿ ಬರೆಯುತ್ತಾರೆ, ತೆಂಗಿನಕಾಯಿಯ ದರ ಸರಿಯಾಗಿ ಹೇಳುತ್ತಾರೆ, ಆದರೆ ಅರಸರೇ. ಮೆದುಳಿನ ರೋಗದಿಂದಲೂ ಇದು ಬರಬಹುದು. ತಾವು ಚಕ್ರವರ್ತಿಗಳೆಂದು ಮೆರೆಯುತ್ತ ಪಾರ್ಶ್ವವಾಯುವಿನಿಂದ ಸಾಯುತ್ತಿದ್ದ ರೋಗಿಗಳ ಮೆದುಳಿನ ಪೊರೆಯಲ್ಲಿ ಉರಿಯೂತವಿದ್ದುದನ್ನು ಫ್ರಾನ್ಸಿನ ಬೇಲ್ ಎಂಬ ವೈದ್ಯ 1822ರಲ್ಲಿ ತೋರಿಸಿದ. ಅದು ಸಿಫಿಲಿಸ್ ರೋಗಾಣುವಿನ ಕೆಲಸವೆಂದು 1913ರಲ್ಲಿ ಖಚಿತವಾಯಿತು. ಪೆನಿಸಿಲಿನ್ ಬಂದ ಮೇಲೆ ಹುಚ್ಚಾಸ್ಪತ್ರೆಗಳ 'ಚಕ್ರವರ್ತಿ'ಗಳ ಒಂದು ದೊಡ್ಡ ಪಂಗಡವೇ ಅಪರೂಪವಾಯಿತು. ಸೊಕ್ಕು ಸೂಜಿಮದ್ದಿಗೆ ಇಳಿಯುತ್ತದೆಯೆ? ಈ ಒಂದು ಸಂಗತಿಯನ್ನು ನಮ್ಮ ನೀತಿವಾದಿಗಳು ಯೋಚಿಸಬೇಕು. 1949ರಲ್ಲಿ ಆಸ್ಟ್ರೇಲಿಯದ ಜಾನ್ ಕೇಡ್ ಲಿಥಿಯಮ್ ಎಂಬ ಸಾಮಾನ್ಯ ಲವಣ ಉನ್ಮಾದವನ್ನು ತಗ್ಗಿಸುತ್ತದೆಂದು ಕಂಡುಕೊಂಡ. 1952ರಲ್ಲಿ ಪ್ಯಾರಿಸ್ಸಿನ ವೈದ್ಯರು ಕ್ಲೋರ್‌ಪ್ರೊಮಜಿನ್ ಪ್ರಯೋಗಿಸಿದರು. ಭ್ರಮೆಗೆ ಮದ್ದಿದೆ ಎಂಬುದು ಹೀಗೆ ಮುಕ್ಕಾಲು ಶತಮಾನದ ಹಳೆಯ ಸುದ್ದಿ.

ವಾದದಿಂದ ಮಾತ್ರ ಅದು ಇಳಿಯುವುದಿಲ್ಲ. ಇದಕ್ಕೊಂದು ವಿಚಿತ್ರವಾದ ಪ್ರಮಾಣವಿದೆ. ಅಮೆರಿಕದ ಮಿಷಿಗನ್ ಪ್ರಾಂತದ ಇಪ್ಸಿಲ್ಯಾಂಟಿ ಎಂಬಲ್ಲಿನ ಸರಕಾರಿ ಮಾನಸಿಕ ಆಸ್ಪತ್ರೆಯಲ್ಲಿ 1959ರಲ್ಲಿ ಮಿಲ್ಟನ್ ರೋಕೀಚ್ ಎಂಬ ಮನಶ್ಶಾಸ್ತ್ರಜ್ಞ ಮೂವರು ರೋಗಿಗಳನ್ನು ಒಂದೆಡೆ ಸೇರಿಸಿದ. ಮೂವರೂ ತಾವೇ ಏಸುಕ್ರಿಸ್ತರೆಂದು ನಂಬಿದವರು. ಒಬ್ಬ ಕ್ರಿಸ್ತ ಇನ್ನಿಬ್ಬರು ಕ್ರಿಸ್ತರನ್ನು ದಿನವೂ ಎದುರಿಸಿದರೆ ಭ್ರಮೆ ಬಿರಿಯಬಹುದೆಂಬುದು ಅವನ ಲೆಕ್ಕಾಚಾರ. ಎರಡು ವರ್ಷ ಈ ಪ್ರಯೋಗ ನಡೆಯಿತು. ಒಬ್ಬ, ಉಳಿದಿಬ್ಬರು ಸತ್ತವರು, ಅವರೊಳಗಿನ ಯಂತ್ರ ಮಾತಾಡುತ್ತಿದೆ ಎಂದ. ಇನ್ನೊಬ್ಬ, ಅವರಿರುವುದು ಹುಚ್ಚಾಸ್ಪತ್ರೆಯಲ್ಲವೆ, ಅದರಿಂದಲೇ ತಿಳಿಯುವುದಿಲ್ಲವೆ ಎಂದ. ಮೂರನೆಯವನು ಅವರಿಗೂ ತನಗಿಂತ ಕೆಳಗಿನ ಒಂದು ದೇವಪದವಿ ಕೊಟ್ಟು ಸಮಾಧಾನಪಟ್ಟ. ಯಾರೊಬ್ಬರೂ ರಥದಿಂದ ಇಳಿಯಲಿಲ್ಲ. ರೋಕೀಚ್ ಅವರ ಭ್ರಮೆಯೊಳಗಿನ ವ್ಯಕ್ತಿಗಳ ಹೆಸರಿನಲ್ಲಿ ಸುಳ್ಳು ಪತ್ರಗಳನ್ನೂ ಬರೆಯಿಸಿದ, ಅದರಿಂದಲೂ ಗುಣವಾಗಲಿಲ್ಲ. 1964ರಲ್ಲಿ ಇದೆಲ್ಲ ಪುಸ್ತಕವಾಯಿತು. ಸುಮಾರು ಇಪ್ಪತ್ತು ವರ್ಷಗಳ ಮೇಲೆ ಅದಕ್ಕೆ ಸೇರಿಸಿದ ಹಿನ್ನುಡಿಯಲ್ಲಿ ಅವನೇ ಒಪ್ಪಿಕೊಂಡ: ಮೂವರ ಭ್ರಮೆಯನ್ನು ನಾನು ಬಿಡಿಸಲಾಗಲಿಲ್ಲ, ಆದರೆ ಅವರ ಬದುಕನ್ನು ದೇವರಂತೆ ತಿದ್ದಬಲ್ಲೆನೆಂಬ ನನ್ನ ಭ್ರಮೆಯನ್ನು ಅವರು ಬಿಡಿಸಿದರು ಎಂಬ ಅರ್ಥದಲ್ಲಿ. ಕಾಶಿಯ ರಣರಂಗದಲ್ಲಿ ಎರಡು ವಾಸುದೇವರು ಎದುರುಬದುರಾದುದನ್ನು ಬರೆದ ಭಾಗವತಕಾರನಿಗೆ ಈ ಫಲಿತಾಂಶ ಆಶ್ಚರ್ಯವೆನಿಸುತ್ತಿರಲಿಲ್ಲ.

ಈಗ ನನ್ನ ಕೈಯ ವಿಷಯ. ನಾನು ಹೈಸ್ಕೂಲಿನಲ್ಲಿದ್ದಾಗ ನಮ್ಮ ಊರಲ್ಲಿ ಒಬ್ಬರಿದ್ದರು. ಹೆಸರು ಬೇಡ, ಗುರುತು ಹತ್ತದಿರಲೆಂದು ಒಂದೆರಡು ವಿವರಗಳನ್ನು ಬದಲಿಸಿಯೂ ಇದ್ದೇನೆ. ನಮ್ಮ ಕಡೆಯ ಎಷ್ಟೋ ಜನರಂತೆ ಮುಂಬಯಿಯ ಹೋಟೆಲಿನಲ್ಲಿ ದುಡಿದು, ಏನೋ ಆಗಿ, ಊರಿಗೆ ಮರಳಿದವರು. ಬಂದ ಮೇಲೆ ಹೆದ್ದಾರಿಯಿಂದ (ಆಗ ಅದರ ನಂಬರು ಹದಿನೇಳು) ಕಡಲಿನವರೆಗಿನ ನೆಲವೆಲ್ಲ ತಮ್ಮದೆಂದೂ, ಅದರ ಸನದು ದೆಹಲಿಯಲ್ಲಿದೆಯೆಂದೂ ಹೇಳುತ್ತಿದ್ದರು. ಸಂಜೆ ಚಾದಂಗಡಿಯ ಬೆಂಚಿನ ಮೇಲೆ ಅವರ ಒಡ್ಡೋಲಗ. "ಹ್ವಾಯ್ ಮಹಾರಾಜ್ರೆ, ಸವಾರಿ ಎಲ್ಲಿಗ್ ಹೊರ್ಟದ್ದ್?" ಎಂದು ದೊಡ್ಡವರು ಎಬ್ಬಿಸಿಕೊಡುವರು, ಹುಡುಗರು ನಾವು ಸಾಲಾಗಿ ನಿಂತು ಅಡ್ಡ ಬೀಳುವೆವು. ಅವರು ನೋಟುಪುಸ್ತಕದ ಹಾಳೆ ಹರಿದು, ಚೆಂದದ ಅಕ್ಷರದಲ್ಲಿ ಹುಕುಂ ಬರೆದು ಕೊಡುವರು. ಒಬ್ಬನಿಗೆ ತೆಂಗಿನ ತೋಟ, ಒಬ್ಬನಿಗೆ ಎರಡು ದೋಣಿ. ನನಗೆ ಬಂದದ್ದು ಗೋಪಾಡಿಯ ಕಡೆಯ ಒಂದು ತೋಪು. ಕತ್ತಲಾಗುವ ಹೊತ್ತಿಗೆ ಅವರ ಅಕ್ಕ ಬಂದು ಕೈಹಿಡಿದು ಕರೆದುಕೊಂಡು ಹೋಗುತ್ತಿದ್ದರು. ಒಂದು ದಿನ ಆಕೆ ತಿರುಗಿ ನಮ್ಮನ್ನು ನೋಡಿ, "ಮಕ್ಳೆ, ಅವ್ನನ್ ಹಾಂಗ್ ಆಡ್ಸಬೇಡಿ. ರಾತ್ರಿ ಇಡೀ ಒರ್ಗುದಿಲ್ಲ ಅವ" ಎಂದರು. ಬೈಗುಳವೂ ಅಲ್ಲ, ಬೇಡಿಕೆಯೂ ಅಲ್ಲ. ಮಳೆ ಬರುತ್ತದೆ, ಬಟ್ಟೆ ಒಳಗೆ ತನ್ನಿ ಎಂದಂತೆ. ನಾವು ಮಾರನೆಯ ದಿನವೂ ಆಡಿಸಿದೆವು. ನಿದ್ದೆಯಿಲ್ಲದಿರುವುದೇ ರೋಗದ ಗುರುತೆಂದು, ನಮ್ಮ ಒಂದೊಂದು ಅಡ್ಡಬೀಳುವಿಕೆಯೂ ಆ ಮನೆಯ ಒಂದೊಂದು ರಾತ್ರಿಯನ್ನು ತಿನ್ನುತ್ತಿತ್ತೆಂದು ನನಗೆ ತಿಳಿದದ್ದು ಎಷ್ಟೋ ವರ್ಷಗಳ ಮೇಲೆ.

ಅವರನ್ನು ಮಣಿಪಾಲದ ಕಡೆಗೆ ಕರೆದುಕೊಂಡು ಹೋದರು, ಮದ್ದು ಹಿಡಿಯಿತು. ನಾನು ಡಿಗ್ರಿ ಓದುತ್ತಿದ್ದಾಗ ಕೋಟೇಶ್ವರದಲ್ಲಿ ಬಸ್ಸಿಗೆ ಕಾಯುತ್ತಿದ್ದೆ. ಅವರೇ ಹತ್ತಿರ ಬಂದರು. ಮೈ ಸ್ವಲ್ಪ ದಪ್ಪಗಾಗಿತ್ತು, ಕೈ ಸಣ್ಣಗೆ ನಡುಗುತ್ತಿತ್ತು. ಆಚೀಚೆ ನೋಡಿ, ದನಿ ತಗ್ಗಿಸಿ, "ನಾ ಕೊಟ್ಟ ಕಾಗ್ದ ನಿನ್ನತ್ರ ಇತ್ತಾ? ಇದ್ರೆ ಹರ್ದ್ ಹಾಕ್" ಎಂದರು. ಅಷ್ಟೇ. ಗುಣವಾದವನಿಗೆ ನೆನಪು ಹೋಗಿರುವುದಿಲ್ಲ ಎಂಬುದನ್ನು ನಮ್ಮಲ್ಲಿ ಯಾರೂ ಯೋಚಿಸಿರಲಿಲ್ಲ. ಅರಸುತನ ಹೋಯಿತು, ಒಡ್ಡೋಲಗದಲ್ಲಿ ನಕ್ಕವರೆಲ್ಲ ಊರಲ್ಲೇ ಇದ್ದರು.

ಈ ನಗೆಯ ಲೆಕ್ಕವನ್ನು ಕೇಳಿದ ಲೇಖಕರಿದ್ದಾರೆ. 1615ರಲ್ಲಿ ಬಂದ ಡಾನ್ ಕ್ವಿಕ್ಸೋಟನ ಎರಡನೆಯ ಭಾಗದಲ್ಲಿ ಒಬ್ಬ ಡ್ಯೂಕನೂ ಅವನ ಹೆಂಡತಿಯೂ ಆ ಬಡ 'ವೀರ'ನನ್ನು ಅರಮನೆಯಲ್ಲಿಟ್ಟುಕೊಂಡು, ಅವನ ಭ್ರಮೆಗೆ ತಕ್ಕ ನಾಟಕಗಳನ್ನು ಹೂಡಿ ದಿನಗಟ್ಟಲೆ ವಿನೋದಪಡುತ್ತಾರೆ. ಇಷ್ಟು ಶ್ರಮಪಟ್ಟು ಮರುಳರನ್ನು ಆಡಿಸುವವರು ತಾವೂ ಮರುಳಿಗೆ ಎರಡು ಬೆರಳು ಈಚೆಗೇ ಇರುವವರು ಎಂದು ಸೆರ್ವಾಂಟಿಸ್ ಕೊನೆಗೆ ಹೇಳಿಸುತ್ತಾನೆ. ಗೊಗೊಲ್ ಇನ್ನೂ ನಿಷ್ಠುರ. 1835ರ 'ಹುಚ್ಚನ ದಿನಚರಿ'ಯ ನಾಯಕ ಮೇಲಧಿಕಾರಿಯ ಲೇಖನಿಗಳನ್ನು ಹದಮಾಡುವ ಗುಮಾಸ್ತ. ಆ ಅಧಿಕಾರಿಯ ಮಗಳನ್ನು ಪ್ರೀತಿಸುವ ಯೋಗ್ಯತೆ ತನಗಿಲ್ಲವೆಂದು ಲೋಕ ಹೇಳಿದ್ದನ್ನು ಕೇಳಿದವನು. ಪತ್ರಿಕೆಯಲ್ಲಿ ಸ್ಪೇನಿನ ಸಿಂಹಾಸನ ಖಾಲಿಯೆಂದು ಓದುತ್ತಾನೆ. ಮುಂದಿನ ಪುಟದ ತಾರೀಖು 2000ನೆಯ ವರ್ಷದ ಏಪ್ರಿಲ್ 43, ಅವನೇ ಸ್ಪೇನಿನ ದೊರೆ. ನಾವು ನಗುತ್ತೇವೆ. ಹುಚ್ಚಾಸ್ಪತ್ರೆಯಲ್ಲಿ ತಲೆ ಬೋಳಿಸಿ ತಣ್ಣೀರು ಹನಿಸುವಾಗಲೂ ಅವನು ಇದು ಸ್ಪೇನಿನ ಆಸ್ಥಾನದ ಪದ್ಧತಿಯಿರಬಹುದೆಂದು ಯೋಚಿಸುತ್ತಾನೆ. ಆಮೇಲೆ ಇದ್ದಕ್ಕಿದ್ದಂತೆ ತಾಯಿಯನ್ನು ಕೂಗುತ್ತಾನೆ. ಅಲ್ಲಿಗೆ ನಮ್ಮ ನಗೆ ಗಂಟಲಲ್ಲಿ ಸಿಕ್ಕಿಕೊಳ್ಳುತ್ತದೆ. ಗುಮಾಸ್ತನಿಗೆ ಕಿರೀಟ ಏಕೆ ಬೇಕಾಯಿತೆಂದು ಗೊಗೊಲ್ ಮೊದಲೇ ತೋರಿಸಿದ್ದಾನೆ. ಅದಿಲ್ಲದೆ ಅವನಿಗೆ ಏನೂ ಉಳಿದಿರಲಿಲ್ಲ. ಈಚಿನ ವರ್ಷಗಳಲ್ಲಿ ಇಂಗ್ಲೆಂಡಿನ ಮನಶ್ಶಾಸ್ತ್ರಜ್ಞರು ಇಂಥ ರೋಗಿಗಳನ್ನೇ ಕೂರಿಸಿ ಕೇಳಿದಾಗಲೂ, ಭ್ರಮೆ ತಮ್ಮ ಬದುಕಿಗೊಂದು ಅರ್ಥ ಕೊಟ್ಟಿತ್ತೆಂದು ಅನೇಕರು ಹೇಳಿದ್ದುಂಟು.

ಕನ್ನಡದಲ್ಲಿ ಮನಸ್ಸಿನ ಕಾಯಿಲೆಯ ಬಗ್ಗೆ ತಿಳಿವಳಿಕೆಯ ಬರಹಕ್ಕೆ ಕೊರತೆಯಿಲ್ಲ. 'ಕೊರವಂಜಿ'ಯಲ್ಲಿ ನಾಡನ್ನು ನಗಿಸಿದ ರಾಶಿಯವರೇ, ಎಂದರೆ ಡಾಕ್ಟರ್ ಎಂ. ಶಿವರಾಮ್ ಅವರೇ, 'ಮನಮಂಥನ' ಬರೆದರು. 1976ರಲ್ಲಿ ಅದಕ್ಕೆ ಸಾಹಿತ್ಯ ಅಕಾಡೆಮಿಯ ಪ್ರಶಸ್ತಿ ಬಂತು. ನಗೆಗಾರರೂ ವೈದ್ಯರೂ ಒಬ್ಬರೇ ಆಗಿದ್ದುದು ನಮ್ಮ ಭಾಗ್ಯ. ಕೊರತೆಯಿರುವುದು ರಂಗದಲ್ಲಿ. ಪೌಂಡ್ರಕನನ್ನು ಹಾಸ್ಯಕ್ಕೂ ಸಂಹಾರಕ್ಕೂ ಬಿಟ್ಟುಕೊಟ್ಟು ಕೈತೊಳೆದುಕೊಳ್ಳುವುದು ರಸಾಭಾಸವೆಂದೇ ನನ್ನ ಎಣಿಕೆ. ಭಾಗವತಕಾರ ಕೂಡ ಹಾಗೆ ಬಿಡಲಿಲ್ಲ. ತಲೆ ಬಿದ್ದ ಮೇಲೆ, ಹಗಲಿರುಳೂ ಹರಿಯ ರೂಪವನ್ನೇ ನೆನೆದು ಧರಿಸಿದವನಾದ್ದರಿಂದ ಅವನು ತನ್ಮಯನಾದ ಎನ್ನುತ್ತಾನೆ. ಭಕ್ತಿಶಾಸ್ತ್ರದ ದೃಷ್ಟಿಯಿಂದ ಇದು ದೊಡ್ಡ ಮಾತು. ಮನುಷ್ಯರ ದೃಷ್ಟಿಯಿಂದ ತುಸು ತಡವಾಗಿ ಬಂದ ಕರುಣೆ.

ಬರುವ ಮಳೆಗಾಲದಲ್ಲಿ ನಮ್ಮ ಕಡೆಯ ತಾಳಮದ್ದಳೆಯವರು ಯಾರಾದರೂ ಈ ಕಥೆಯನ್ನೆತ್ತಿಕೊಂಡರೆ ನನ್ನದೊಂದು ಕೋರಿಕೆಯಿದೆ. ಪೌಂಡ್ರಕನಿಗೂ ಕೃಷ್ಣನಿಗೂ ಹೇಗೂ ಒಳ್ಳೆಯ ಅರ್ಥಧಾರಿಗಳು ಸಿಗುತ್ತಾರೆ. ದೂತನ ಅರ್ಥವನ್ನು ಹೊಸಬರಿಗೆ ಕೊಡದೆ, ಅನುಭವಿಯೊಬ್ಬರಿಗೆ ಕೊಡಬೇಕು. ಭಾಗವತದಲ್ಲಿ ಅವನಿಗೆ ಹೆಸರಿಲ್ಲ. ಒಡೆಯನು ವಾಸುದೇವನಲ್ಲವೆಂದು ಅವನಿಗೆ ತಿಳಿದಿರಲಿಲ್ಲವೆ? ದಿನವೂ ಅವನ ಮನೆಯಲ್ಲಿ ಉಂಡವನು. ಆ ಮರದ ಚಕ್ರವನ್ನು ಕೆತ್ತಿದ್ದನ್ನು ಕಂಡಿರಬಹುದಾದವನು. ಆದರೂ ಅಷ್ಟು ದೂರ ಹೋಗಿ, ತುಂಬಿದ ಸಭೆಯಲ್ಲಿ ನಿಂತು, ಒಡೆಯನ ಮಾತನ್ನು ಒಂದಕ್ಷರ ಬಿಡದೆ ಹೇಳಿದ. ಅವರೆಲ್ಲ ನಗುವಾಗ ಅಲ್ಲೇ ನಿಂತಿದ್ದ. ಆಮೇಲೆ ಕೃಷ್ಣನ ಬೈಗುಳವನ್ನು ಕೇಳಿಸಿಕೊಂಡು, ಅದಷ್ಟನ್ನೂ ಹೊತ್ತುಕೊಂಡು ಒಡೆಯನ ಬಳಿಗೆ ಮರಳಿದನೆಂದು ಅರ್ಧ ಶ್ಲೋಕದಲ್ಲಿದೆ. ಹಿಂದಿರುಗುವ ಆ ದಾರಿಯಲ್ಲಿ ಅವನು ಏನು ಯೋಚಿಸಿದ ಎಂಬುದನ್ನು ನಾನು ಅರ್ಧ ಗಂಟೆ ಕುಳಿತು ಕೇಳಲು ಸಿದ್ಧನಿದ್ದೇನೆ.